ನಿವೃತ್ತಿಯ ಹಣ ತಡವಾದರೆ ಬಡ್ಡಿ ಕೊಡುವವರು ಯಾರು?

ಕರ್ನಾಟಕದಲ್ಲಿ ಮೇ 31 ಒಂಥರಾ ವಿಚಿತ್ರ ದಿನ. ಎಷ್ಟೋ ಸರ್ಕಾರಿ ಕಚೇರಿ, ಶಾಲೆಗಳಲ್ಲಿ ಅವತ್ತು ಒಟ್ಟಿಗೇ ಇಬ್ಬರು ಮೂವರು ನಿವೃತ್ತರಾಗುತ್ತಾರೆ. ಹಿಂದೆ ಒಂದನೇ ಕ್ಲಾಸಿಗೆ ಸೇರಿಸುವಾಗ ಮೇಷ್ಟ್ರು ತಾವೇ ಬರೆದುಕೊಂಡ ಹುಟ್ಟಿದ ದಿನ ಜೂನ್ 1. ತಿಂಗಳ ಒಂದನೇ ತಾರೀಕು ಹುಟ್ಟಿದವರು ಹಿಂದಿನ ತಿಂಗಳ ಕೊನೆಯ ದಿನವೇ ಹೊರಡಬೇಕು ಅನ್ನುವುದು ಸೇವಾ ನಿಯಮ. ಶಾಲು, ಹಾರ, ಮೈಸೂರು ಪೇಟ, ಗ್ರೂಪ್ ಫೋಟೊ ಎಲ್ಲ ಮುಗಿಯುತ್ತದೆ. ಜೂನ್ ಕೊನೆಗೆ ಸಂಬಳ ಬರುವುದಿಲ್ಲ. ಪಿಂಚಣಿ ಇನ್ನೂ ಶುರುವಾಗಿರುವುದಿಲ್ಲ. ಮಗಳ ಮದುವೆಗೋ ಮನೆ ಸಾಲಕ್ಕೋ ಅಂತ ಲೆಕ್ಕ ಹಾಕಿಟ್ಟ ಗ್ರಾಚ್ಯುಟಿ ಬಗ್ಗೆ ಕೇಳಿದರೆ "ಫೈಲ್ ಮೇಲಕ್ಕೆ ಹೋಗಿದೆ" ಅನ್ನುತ್ತಾರೆ.

ಹೀಗೆ ಕಾದು ಕಾದು ಕೋರ್ಟಿಗೆ ಹೋದವರ ಪ್ರಕರಣಗಳು ದೇಶದ ಎಲ್ಲ ಹೈಕೋರ್ಟುಗಳಲ್ಲೂ ಸಿಗುತ್ತವೆ. ಅವುಗಳನ್ನು ಓದುತ್ತಾ ಹೋದರೆ ಒಂದು ವಿಷಯ ಎದ್ದು ಕಾಣುತ್ತದೆ. ಎಷ್ಟು ಹಣ ಅನ್ನುವುದಕ್ಕಿಂತ ತಡ ಯಾರಿಂದ ಆಯಿತು ಅನ್ನುವುದರ ಮೇಲೇ ಜಗಳ ಜಾಸ್ತಿ. ತಡ ನೌಕರನದ್ದಲ್ಲ ಅಂತಾದರೆ ಬಡ್ಡಿ ಕೊಡುವುದು ಹಣ ಹಿಡಿದಿಟ್ಟುಕೊಂಡವರ ತಲೆಗೆ ಬರುತ್ತದೆ.

ಯಾವ್ಯಾವ ಹಣ, ಯಾರ ಕೈಯಿಂದ

ನಿವೃತ್ತಿಯ ಹಣ ಅಂದರೆ ಒಂದೇ ಗಂಟಲ್ಲ. ಎಷ್ಟು ವರ್ಷ ದುಡಿದಿರೋ ಅದಕ್ಕೆ ತಕ್ಕಂತೆ ಕೊನೆಗೆ ಒಟ್ಟಿಗೆ ಕೊಡುವುದು ಗ್ರಾಚ್ಯುಟಿ. ತಿಂಗಳು ತಿಂಗಳು ಬರುವುದು ಪಿಂಚಣಿ. ಮುಂದೆ ಬರಬೇಕಾದ ಪಿಂಚಣಿಯ ಒಂದು ಪಾಲನ್ನು ಈಗಲೇ ಇಡಿಗಂಟಾಗಿ ತೆಗೆದುಕೊಳ್ಳುವುದಕ್ಕೆ ಕಮ್ಯುಟೇಷನ್ ಅನ್ನುತ್ತಾರೆ. ಬಳಸದೆ ಉಳಿದ ಗಳಿಕೆ ರಜೆಗೆ ಕೊಡುವ ದುಡ್ಡು ರಜೆ ನಗದೀಕರಣ. ಜೊತೆಗೆ ಸಂಬಳದಿಂದ ಕಡಿತವಾಗುತ್ತಾ ಬಂದ ಪಿಎಫ್.

ಇವೆಲ್ಲ ಬೇರೆ ಬೇರೆ ಕೈಗಳಿಂದ ಬರಬೇಕು. ಹಳೆ ಪಿಂಚಣಿ ಯೋಜನೆಯಲ್ಲಿರುವ ರಾಜ್ಯ ಸರ್ಕಾರಿ ನೌಕರರಾದರೆ, ಇಲಾಖೆ ಕಳಿಸಿದ ಕಾಗದಪತ್ರ ನೋಡಿ ಬೆಂಗಳೂರಿನ ಮಹಾಲೇಖಪಾಲರ ಕಚೇರಿ, ಅಂದರೆ ಎಲ್ಲರೂ ಕರೆಯುವ ಎಜಿ ಆಫೀಸು, ಪಿಂಚಣಿ ಆದೇಶ ಹೊರಡಿಸುತ್ತದೆ. 2006ರ ಏಪ್ರಿಲ್ 1ರಿಂದ ಈಚೆಗೆ ಸೇರಿದವರು ರಾಷ್ಟ್ರೀಯ ಪಿಂಚಣಿ ವ್ಯವಸ್ಥೆಗೆ, ಅಂದರೆ ಎನ್‌ಪಿಎಸ್‌ಗೆ ಬರುತ್ತಾರೆ. ಖಾಸಗಿ ಕಂಪನಿಯಲ್ಲಿದ್ದವರಿಗೆ ಗ್ರಾಚ್ಯುಟಿ ಕೊಡಬೇಕಾದ್ದು ಕಂಪನಿ, ಪಿಎಫ್ ಕೊಡಬೇಕಾದ್ದು ಸಾಮಾನ್ಯವಾಗಿ ನೌಕರರ ಭವಿಷ್ಯ ನಿಧಿ ಸಂಸ್ಥೆ, ಅಂದರೆ ಇಪಿಎಫ್‌ಒ. ಯಾವ ಹಣ ಎಲ್ಲಿ ನಿಂತಿದೆ ಅಂತ ಮೊದಲು ಗೊತ್ತಾಗಬೇಕು. ಇಲ್ಲದಿದ್ದರೆ ಸುಮ್ನೆ ತಪ್ಪು ಬಾಗಿಲು ತಟ್ಟುತ್ತಾ ವರ್ಷ ಕಳೆದುಹೋಗುತ್ತದೆ.

ಇನಾಮಲ್ಲ, ಆಸ್ತಿ

ಪಿಂಚಣಿ ಅಂದರೆ ಸರ್ಕಾರ ಸಂತೋಷದಿಂದ ಕೊಡುವ ಇನಾಮು ಅನ್ನುವ ಭಾವನೆ ಬಹಳ ಕಾಲ ಇತ್ತು. 1971ರಲ್ಲಿ ಬಿಹಾರದ ಒಬ್ಬ ನೌಕರನ ಪ್ರಕರಣದಲ್ಲಿ ಸುಪ್ರೀಂ ಕೋರ್ಟಿನ ಸಂವಿಧಾನ ಪೀಠ ಇದನ್ನು ತಳ್ಳಿಹಾಕಿತು. ಪಿಂಚಣಿ ನೌಕರನ ಹಕ್ಕು, ಅದು ಆಸ್ತಿ ಎಂದಿತು. ನಿವೃತ್ತ ಅಧಿಕಾರಿ ಡಿ.ಎಸ್. ನಾಕರಾ ಹಾಕಿದ ಮೊಕದ್ದಮೆಯಲ್ಲಿ 1982ರ ಡಿಸೆಂಬರ್ 17ರಂದು ಬಂದ ತೀರ್ಪು ಇದನ್ನೇ ಇನ್ನೂ ಗಟ್ಟಿ ಮಾಡಿತು. ದೇಶದ ಪಿಂಚಣಿದಾರರ ಸಂಘಗಳು ಆ ದಿನವನ್ನು ಪಿಂಚಣಿದಾರರ ದಿನವಾಗಿ ಆಚರಿಸುವುದು ಇದೇ ಕಾರಣಕ್ಕೆ.

ಆಸ್ತಿ ಎಂದು ಕರೆದರೆ ಏನು ಬದಲಾಗುತ್ತದೆ? ಕಾನೂನಿನ ಬಲವಿಲ್ಲದೆ ಯಾರ ಆಸ್ತಿಯನ್ನೂ ಕಿತ್ತುಕೊಳ್ಳುವಂತಿಲ್ಲ ಅನ್ನುತ್ತದೆ ಸಂವಿಧಾನದ 300ಎ ವಿಧಿ. 2013ರಲ್ಲಿ ಜಾರ್ಖಂಡ್ ಸರ್ಕಾರದ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟ್ ಈ ವಿಧಿಯನ್ನೇ ಮುಂದಿಟ್ಟಿತು. ಪಿಂಚಣಿ, ಗ್ರಾಚ್ಯುಟಿ ತಡೆಹಿಡಿಯಬೇಕಾದರೆ ನಿಯಮದಲ್ಲಿ ಅದಕ್ಕೆ ಸ್ಪಷ್ಟ ಅಧಿಕಾರ ಇರಬೇಕು, ಬರೀ ಸುತ್ತೋಲೆ ಸಾಲದು ಎಂದಿತು. ಕಚೇರಿಯಲ್ಲಿ ಯಾರಾದರೂ "ಮೇಲಿನವರು ತಡೆಯೋಕೆ ಹೇಳಿದ್ದಾರೆ" ಅಂದರೆ, ಯಾವ ನಿಯಮದ ಪ್ರಕಾರ ಅಂತ ಕೇಳುವುದಕ್ಕೆ ಈ ತೀರ್ಪೇ ಆಧಾರ.

ಗ್ರಾಚ್ಯುಟಿ: 30 ದಿನ, ಆಮೇಲೆ ಮೀಟರ್ ಓಡುತ್ತದೆ

ಖಾಸಗಿ ಕಂಪನಿ, ನಿಗಮ, ಮಂಡಳಿಗಳ ನೌಕರರಿಗೆ ಇಷ್ಟು ವರ್ಷ ಆಧಾರವಾಗಿದ್ದದ್ದು 1972ರ ಗ್ರಾಚ್ಯುಟಿ ಪಾವತಿ ಕಾಯ್ದೆ. ಲೆಕ್ಕ ಸುಲಭ. ಕೊನೆಯ ತಿಂಗಳ ಮೂಲ ವೇತನಕ್ಕೆ ತುಟ್ಟಿಭತ್ಯೆ ಸೇರಿಸಿ, 26ರಿಂದ ಭಾಗಿಸಿ, 15ರಿಂದ ಗುಣಿಸಿ, ಸೇವೆಯ ವರ್ಷಗಳಿಂದ ಮತ್ತೆ ಗುಣಿಸಬೇಕು. ತಿಂಗಳಲ್ಲಿ ನಾಲ್ಕು ಭಾನುವಾರ ಕಳೆದರೆ ದುಡಿಯುವ ದಿನ 26, ಅದಕ್ಕೇ ಆ ಸಂಖ್ಯೆ. ಕೊನೆಯ ವರ್ಷದಲ್ಲಿ ಆರು ತಿಂಗಳಿಗಿಂತ ಜಾಸ್ತಿ ದುಡಿದಿದ್ದರೆ ಅದನ್ನೂ ಪೂರ್ತಿ ವರ್ಷ ಅಂತ ಹಿಡಿಯುತ್ತಾರೆ.

ಒಂದು ಉದಾಹರಣೆ ನೋಡೋಣ. ಕೊನೆಯ ಮೂಲ ವೇತನ ಮತ್ತು ತುಟ್ಟಿಭತ್ಯೆ ಸೇರಿ 52,000 ರೂಪಾಯಿ. ಸೇವೆ 27 ವರ್ಷ 8 ತಿಂಗಳು, ಅಂದರೆ ಲೆಕ್ಕಕ್ಕೆ 28. 52,000ವನ್ನು 26ರಿಂದ ಭಾಗಿಸಿದರೆ ದಿನಕ್ಕೆ 2,000. ಹದಿನೈದು ದಿನಕ್ಕೆ 30,000. ಇಪ್ಪತ್ತೆಂಟು ವರ್ಷಕ್ಕೆ 8,40,000 ರೂಪಾಯಿ. ಕಾಯ್ದೆಯ ಗರಿಷ್ಠ ಮಿತಿ 2018ರ ಮಾರ್ಚಿನಿಂದ 20 ಲಕ್ಷ, ಹಾಗಾಗಿ ಇದು ಪೂರ್ತಿ ಸಿಗಬೇಕು.

ನಿವೃತ್ತಿಯಾದ ದಿನದಿಂದ 30 ದಿನದೊಳಗೆ ಈ ಹಣ ಕೈ ಸೇರಬೇಕು. ನೌಕರ ಅರ್ಜಿ ಕೊಡದಿದ್ದರೂ ತಾನಾಗಿಯೇ ಲೆಕ್ಕ ಹಾಕಿ ನೋಟಿಸ್ ಕೊಡುವುದು ಮಾಲೀಕನ ಕೆಲಸ ಅನ್ನುತ್ತದೆ ಕಾಯ್ದೆ. ಇದು ಬಹಳ ಜನರಿಗೆ ಗೊತ್ತಿಲ್ಲ. "ನೀವು ಫಾರಂ ಕೊಟ್ಟಿಲ್ಲ, ಅದಕ್ಕೇ ತಡ" ಅನ್ನುವ ಉತ್ತರ ಅಷ್ಟು ಸುಲಭಕ್ಕೆ ನಿಲ್ಲುವುದಿಲ್ಲ. (ಹಾಗಂತ ಫಾರಂ ಕೊಡದೆ ಕೂರಬೇಡಿ. ಕೊಟ್ಟು, ಸ್ವೀಕೃತಿ ಇಟ್ಟುಕೊಳ್ಳಿ.)

ಮೂವತ್ತು ದಿನ ದಾಟಿದರೆ ವರ್ಷಕ್ಕೆ 10 ಪರ್ಸೆಂಟ್ ಸರಳ ಬಡ್ಡಿ. ಇದು ಕೇಂದ್ರ ಸರ್ಕಾರ 1987ರಲ್ಲಿ ಗೊತ್ತುಪಡಿಸಿದ ದರ. ನಮ್ಮ ಉದಾಹರಣೆಯಲ್ಲಿ ಹಣ ಒಂದೂವರೆ ವರ್ಷ ತಡವಾಗಿ ಬಂದರೆ ಬಡ್ಡಿಯೇ 1,26,000 ರೂಪಾಯಿ. ಕಡಿಮೆ ಮೊತ್ತ ಅಲ್ಲ, ಅಲ್ವಾ?

ಬಡ್ಡಿಯಿಂದ ತಪ್ಪಿಸಿಕೊಳ್ಳಲು ಮಾಲೀಕನಿಗೆ ಇರುವ ದಾರಿ ಒಂದೇ. ತಡ ನೌಕರನ ತಪ್ಪಿನಿಂದ ಆಗಿರಬೇಕು, ಮತ್ತು ಆ ಕಾರಣಕ್ಕೆ ತಡ ಮಾಡುತ್ತೇನೆ ಅಂತ ನಿಯಂತ್ರಣ ಪ್ರಾಧಿಕಾರದಿಂದ ಬರಹದಲ್ಲಿ ಅನುಮತಿ ಪಡೆದಿರಬೇಕು. ಎರಡೂ ಇರಬೇಕು. ನಿಯಂತ್ರಣ ಪ್ರಾಧಿಕಾರ ಅಂದರೆ ಇಂಥ ತಕರಾರು ತೀರ್ಮಾನಿಸಲು ಸರ್ಕಾರ ನೇಮಿಸಿದ ಕಾರ್ಮಿಕ ಇಲಾಖೆಯ ಅಧಿಕಾರಿ.

ಈ ವಿಷಯದಲ್ಲಿ ದೇಶಕ್ಕೆಲ್ಲ ಅನ್ವಯಿಸುವ ತೀರ್ಪು ಬಂದದ್ದು ನಮ್ಮ ರಾಜ್ಯದ ಮೊಕದ್ದಮೆಯಿಂದಲೇ. ಕರ್ನಾಟಕ ಆಗ್ರೋ ಇಂಡಸ್ಟ್ರೀಸ್ ಕಾರ್ಪೊರೇಷನ್‌ನ ನಿವೃತ್ತ ನೌಕರರೊಬ್ಬರಿಗೆ ಗ್ರಾಚ್ಯುಟಿ ತಡವಾಗಿ ಸಿಕ್ಕಿತು. ಬಡ್ಡಿ ಕೊಡಿಸಲು ಹೈಕೋರ್ಟ್ ಒಪ್ಪಲಿಲ್ಲ. ಅವರು ಸುಪ್ರೀಂ ಕೋರ್ಟಿಗೆ ಹೋದರು. 2003ರಲ್ಲಿ ಬಂದ ತೀರ್ಪು ಹೇಳಿದ್ದು ಇಷ್ಟು: ಈ ಬಡ್ಡಿ ಕೊಡಬಹುದು ಬಿಡಬಹುದು ಅನ್ನುವ ಜಾತಿಯದ್ದಲ್ಲ, ಕಡ್ಡಾಯ. ಕೋರ್ಟಿಗೂ ಅದನ್ನು ಬಿಟ್ಟುಕೊಡುವ ವಿವೇಚನೆ ಇಲ್ಲ. ಇವತ್ತಿಗೂ ಗ್ರಾಚ್ಯುಟಿ ಬಡ್ಡಿಯ ಮಾತು ಬಂದಾಗ ವಕೀಲರು ಈ ತೀರ್ಪನ್ನೇ ತೋರಿಸುತ್ತಾರೆ.

ಕೇರಳದ ಆ ಒಂದು ಸರ್ಟಿಫಿಕೇಟ್

ಸರ್ಕಾರಿ ನೌಕರರು 1972ರ ಕಾಯ್ದೆಗೆ ಬರುವುದಿಲ್ಲ. ಅವರಿಗೆ ಬೇರೆ ನಿಯಮಗಳಿವೆ. ಹಾಗಾದರೆ ಅವರಿಗೆ ಬಡ್ಡಿ ಇಲ್ಲವೇ? ಇದಕ್ಕೆ ಉತ್ತರ 1985ರ ಒಂದು ಕೇರಳದ ಪ್ರಕರಣದಲ್ಲಿದೆ. ತೀರ್ಪು ಪುಟ್ಟದು, ಆದರೆ ಓದಿದಷ್ಟೂ ಹೊಸದೇನೋ ಸಿಗುತ್ತದೆ.

ಒಬ್ಬ ಸರ್ಕಾರಿ ನೌಕರ 1973ರ ಮೇ 19ರಂದು ನಿವೃತ್ತರಾದರು. ಪಿಂಚಣಿ, ಗ್ರಾಚ್ಯುಟಿ ಕೈಗೆ ಬಂದದ್ದು 1975ರ ಆಗಸ್ಟ್ 14ರಂದು. ಎರಡು ವರ್ಷ ಮೂರು ತಿಂಗಳ ಹತ್ತಿರ. ಏನು ಸಿಕ್ಕಿಹಾಕಿಕೊಂಡಿತ್ತು? ಕೊನೆಯ ಸಂಬಳದ ಪ್ರಮಾಣಪತ್ರ. ಅದನ್ನು ಕೊಡಬೇಕಾದ್ದು ಖಜಾನೆ ಅಧಿಕಾರಿ. ಅವರು ಕೊಟ್ಟಿರಲಿಲ್ಲ. ಸರ್ಕಾರ ಮಾತ್ರ "ಪ್ರಮಾಣಪತ್ರ ತಂದುಕೊಡಬೇಕಾದವರು ನೌಕರರೇ" ಅಂತ ವಾದಿಸಿತು. ಸುಪ್ರೀಂ ಕೋರ್ಟ್ ಒಪ್ಪಲಿಲ್ಲ. ಒಂದು ಇಲಾಖೆಯಿಂದ ಇನ್ನೊಂದು ಇಲಾಖೆಗೆ ಹೋಗಬೇಕಾದ ಕಾಗದಕ್ಕೆ ನಿವೃತ್ತನನ್ನು ಹೊಣೆ ಮಾಡುವಂತಿಲ್ಲ ಎಂದಿತು. ನಿವೃತ್ತಿಯಾಗಿ ಎರಡು ತಿಂಗಳು ಕಳೆದ ಮೇಲೆ ಮಾರುಕಟ್ಟೆ ದರದಲ್ಲಿ ಬಡ್ಡಿ ಕೊಡುವ ಹೊಣೆ ಶುರುವಾಗುತ್ತದೆ ಎಂದೂ ಹೇಳಿತು.

ಇದರಲ್ಲಿ ಇನ್ನೊಂದು ಅಂಶ ಇದೆ. ಆ ನೌಕರ ಕೇಳಿದ್ದು 12 ಪರ್ಸೆಂಟ್. ಕೆಳಗಿನ ಕೋರ್ಟ್ ಕೊಟ್ಟದ್ದು 6. ಸುಪ್ರೀಂ ಕೋರ್ಟಿಗೆ 12 ಕೊಡಬೇಕು ಅನಿಸಿತ್ತು, ಹಾಗಂತ ಬರೆದೂ ಇದೆ. ಆದರೆ ಹೈಕೋರ್ಟಿನಲ್ಲಿ ಸರ್ಕಾರ ಮೇಲ್ಮನವಿ ಹಾಕಿದಾಗ ನೌಕರ ತನ್ನ ಕಡೆಯಿಂದ 6 ಸಾಲದು ಅಂತ ಆಕ್ಷೇಪಣೆ ಸಲ್ಲಿಸಿರಲಿಲ್ಲ. ಅದಕ್ಕೆ 6ಕ್ಕೇ ನಿಂತಿತು. ಕೇಳದಿದ್ದರೆ ಕೊಡಬೇಕೆಂದಿದ್ದವರ ಕೈಯೂ ಕಟ್ಟಿರುತ್ತದೆ.

2008ರಲ್ಲಿ ಹರಿಯಾಣದ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಒಂದು ಹೆಜ್ಜೆ ಮುಂದೆ ಹೋಯಿತು. ಬಡ್ಡಿ ಬಗ್ಗೆ ಯಾವ ನಿಯಮವೂ ಇಲ್ಲದಿದ್ದರೂ ಸಂವಿಧಾನದ 14, 19, 21ನೇ ವಿಧಿಗಳ ಆಧಾರದ ಮೇಲೆ ಕೇಳಬಹುದು ಎಂದಿತು. ಆದರೆ ಸರ್ಕಾರಿ ನೌಕರರ ವಿಷಯದಲ್ಲಿ ಕೋರ್ಟುಗಳು ಕೊಡಿಸುವ ದರ ಒಂದೇ ರೀತಿ ಇಲ್ಲ. 1994ರಲ್ಲಿ, 2000ದ ಸುಮಾರಿಗೆ 18 ಪರ್ಸೆಂಟ್ ಕೊಡಿಸಿದ ತೀರ್ಪುಗಳಿವೆ. 2021ರಲ್ಲಿ ಕೋವಿಡ್ ಹೊತ್ತಿನಲ್ಲಿ ಸಂಬಳ, ಪಿಂಚಣಿ ಮುಂದೂಡಿದ ಆಂಧ್ರ ಸರ್ಕಾರಕ್ಕೆ ವಿಧಿಸಿದ್ದು 6.

"ನೋ ಡ್ಯೂ ತನ್ನಿ" ಮತ್ತು ಕ್ವಾರ್ಟರ್ಸ್ ಜಗಳ

ಬಾಕಿ ಏನೂ ಇಲ್ಲ ಅನ್ನುವ ಪತ್ರ ತಂದರೇ ಹಣ ಅನ್ನುತ್ತಾರೆ. ಬೆಂಗಳೂರಿನಲ್ಲಿ ಬಾಡಿಗೆ ಮನೆ ಬಿಟ್ಟವರಿಗೆ ಇದು ಚೆನ್ನಾಗಿ ಅರ್ಥವಾಗುತ್ತದೆ. ಪೇಂಟಿಂಗ್‌ಗೆ ಅಂತ ಓನರ್ ಒಂದಿಷ್ಟು ಹಿಡಿದುಕೊಳ್ಳಬಹುದು, ಅದರ ಬಗ್ಗೆ ವಾದ ಮಾಡೋಣ. ಆ ನೆಪದಲ್ಲಿ ಇಡೀ ಅಡ್ವಾನ್ಸ್ ವರ್ಷಗಟ್ಟಲೆ ಇಟ್ಟುಕೊಂಡರೆ? ನಿವೃತ್ತಿಯ ಹಣದಲ್ಲೂ ತಕರಾರು ಇದೇ ಥರ. ಬಾಕಿ ಇದ್ದರೆ ಎಷ್ಟು ಅಂತ ಹೇಳಿ, ಅಷ್ಟಕ್ಕೆ ನಿಯಮ ತೋರಿಸಿ, ಉಳಿದದ್ದು ಕೊಡಿ ಅನ್ನುವುದು ನಿವೃತ್ತರ ವಾದ.

ಕ್ವಾರ್ಟರ್ಸ್ ವಿಷಯದಲ್ಲಿ ಮಾತ್ರ ಹುಷಾರಾಗಿರಬೇಕು. ಮನೆ ಖಾಲಿ ಮಾಡಿಲ್ಲ, ಬಾಡಿಗೆ ಬಾಕಿ ಇದೆ ಅಂತ ಗ್ರಾಚ್ಯುಟಿ ತಡೆದದ್ದು ತಪ್ಪು ಅಂತ 1994ರಲ್ಲಿ ಸುಪ್ರೀಂ ಕೋರ್ಟ್ ಹೇಳಿದ್ದು ನಿಜ, ಮೇಲೆ ಹೇಳಿದ 18 ಪರ್ಸೆಂಟ್ ಬಡ್ಡಿ ಕೊಡಿಸಿದ್ದೂ ಅದರಲ್ಲೇ. ಆದರೆ 2020ರಲ್ಲಿ ಉಕ್ಕು ಪ್ರಾಧಿಕಾರದ, ಅಂದರೆ ಸೇಲ್ ಸಂಸ್ಥೆಯ ಪ್ರಕರಣದಲ್ಲಿ ಅದೇ ಕೋರ್ಟ್, ಅವಧಿ ಮೀರಿ ಉಳಿದುಕೊಂಡವರ ದಂಡ ಬಾಡಿಗೆಯನ್ನು ಗ್ರಾಚ್ಯುಟಿಯಲ್ಲಿ ಮುರಿದುಕೊಳ್ಳಬಹುದು ಎಂದಿತು. ಗಡುವಿನೊಳಗೆ ಬೀಗದ ಕೈ ಒಪ್ಪಿಸಿ ರಸೀದಿ ತೆಗೆದುಕೊಂಡುಬಿಟ್ಟರೆ ಈ ತಲೆನೋವೇ ಇರುವುದಿಲ್ಲ.

ವಿಚಾರಣೆ ಬಾಕಿ ಇದ್ದರೆ

ಇಲಾಖಾ ವಿಚಾರಣೆ ನಡೆಯುತ್ತಿರುವಾಗಲೇ ನಿವೃತ್ತಿ ಬಂದರೆ ತಡಕ್ಕೆ ಕಾನೂನಿನ ಬಲವೇ ಇರುತ್ತದೆ. ಕರ್ನಾಟಕ ಸರ್ಕಾರಿ ಸೇವಾ ನಿಯಮಾವಳಿ ಅಂಥವರಿಗೆ ತಾತ್ಕಾಲಿಕ ಪಿಂಚಣಿ ಕೊಡುತ್ತದೆ, ಗ್ರಾಚ್ಯುಟಿಯನ್ನು ತೀರ್ಮಾನ ಆಗುವ ತನಕ ತಡೆಯುತ್ತದೆ. ನಿವೃತ್ತಿಯಾದ ಮೇಲೆ ಹೊಸದಾಗಿ ವಿಚಾರಣೆ ಶುರು ಮಾಡಲೂ ಅವಕಾಶ ಇದೆ, ಆದರೆ ನಿಯಮ 214ರ ಪ್ರಕಾರ ಘಟನೆ ನಡೆದು ನಾಲ್ಕು ವರ್ಷ ದಾಟಿರಬಾರದು. ಈ ನಾಲ್ಕು ವರ್ಷದ ಗೆರೆಯ ಮೇಲೆ ನಡೆದ ಮೊಕದ್ದಮೆಗಳು ಕಡಿಮೆಯೇನಿಲ್ಲ. ಘಟನೆಯ ದಿನ ಯಾವುದು, ಆರೋಪಪಟ್ಟಿ ಕೊಟ್ಟ ದಿನ ಯಾವುದು ಅಂತ ತಾರೀಕು ತಾರೀಕಾಗಿ ಎಣಿಸುತ್ತಾರೆ. ಮೇಲೆ ಹೇಳಿದ ಹರಿಯಾಣದ ಪ್ರಕರಣವೂ ಇದೇ ಬಗೆಯದ್ದು. ಆರೋಪ ಕೈಬಿಟ್ಟ ಮೇಲೆ ಹಣ ಬಂತು, ನಡುವೆ ಕಳೆದ ಕಾಲಕ್ಕೆ ಬಡ್ಡಿ ಎಲ್ಲಿ ಅಂತ ಅವರು ಕೇಳಿದ್ದರು.

ಖಾಸಗಿ ವಲಯದಲ್ಲಿ ಗ್ರಾಚ್ಯುಟಿ ಮುಟ್ಟುಗೋಲು ಹಾಕಿಕೊಳ್ಳುವುದಕ್ಕೆ ಕೆಲಸದಿಂದ ವಜಾ ಆಗಿರಬೇಕು, ಅದೂ ಕಾಯ್ದೆ ಹೇಳಿದ ಕಾರಣಗಳಿಗೆ: ಸಂಸ್ಥೆಗೆ ನಷ್ಟ, ಗಲಭೆ ಹಿಂಸಾಚಾರ, ನೈತಿಕ ಅಧಃಪತನದ ಅಪರಾಧ. ಕೊನೆಯದಕ್ಕೆ ಕ್ರಿಮಿನಲ್ ಕೋರ್ಟಿನಲ್ಲಿ ಶಿಕ್ಷೆ ಆಗಿರಲೇಬೇಕೆಂದಿಲ್ಲ ಅಂತ 2025ರ ಫೆಬ್ರವರಿಯಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಇದು ನೌಕರರಿಗೆ ಸ್ವಲ್ಪ ಬಿಗಿಯಾದ ತೀರ್ಪು.

"ಜಾಸ್ತಿ ಸಂಬಳ ಕೊಟ್ಟಿದ್ದೇವೆ, ವಾಪಸ್ ಕೊಡಿ"

ನಿವೃತ್ತಿ ಹತ್ತಿರ ಬಂದಾಗ ಸೇವಾ ಪುಸ್ತಕ ತಿರುವಿಹಾಕುತ್ತಾರೆ. ಆಗ ಹದಿನೈದು ವರ್ಷದ ಹಿಂದೆ ಕೊಟ್ಟ ಒಂದು ಇನ್‌ಕ್ರಿಮೆಂಟ್ ತಪ್ಪು ಅಂತ ಗೊತ್ತಾಗುತ್ತದೆ. ಅಲ್ಲಿಂದ ಇಲ್ಲಿಯವರೆಗಿನ ಹಣ ಗ್ರಾಚ್ಯುಟಿಯಲ್ಲಿ ಮುರಿದುಕೊಳ್ಳುತ್ತೇವೆ ಅನ್ನುತ್ತಾರೆ. 2014ರ ಡಿಸೆಂಬರಿನಲ್ಲಿ ಪಂಜಾಬ್ ಸರ್ಕಾರದ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇದಕ್ಕೆ ಬೇಲಿ ಹಾಕಿತು. ಸಿ ಮತ್ತು ಡಿ ದರ್ಜೆಯವರಿಂದ, ನಿವೃತ್ತರಾದವರಿಂದ, ಒಂದು ವರ್ಷದೊಳಗೆ ನಿವೃತ್ತರಾಗುವವರಿಂದ, ಐದು ವರ್ಷಕ್ಕೂ ಹೆಚ್ಚು ಕಾಲ ಜಾಸ್ತಿ ಹಣ ಪಡೆಯುತ್ತಾ ಬಂದವರಿಂದ ವಸೂಲಿ ಮಾಡುವಂತಿಲ್ಲ. ಲೆಕ್ಕ ತಪ್ಪಿದ್ದು ಕಚೇರಿಯದ್ದಾಗಿರಬೇಕು, ನೌಕರ ಮೋಸ ಮಾಡಿರಬಾರದು ಅಷ್ಟೇ.

ದುಡ್ಡೇ ಇಲ್ಲ ಅಂದರೆ?

ನಷ್ಟದಲ್ಲಿರುವ ನಿಗಮಗಳು ಕೊಡುವ ಉತ್ತರ ಇದು. ಕಾಯ್ದೆ ಮಾಲೀಕನ ಬಡತನವನ್ನು ಕಾರಣ ಅಂತ ಎಲ್ಲೂ ಒಪ್ಪಿಲ್ಲ. ಬಡ್ಡಿ ತಪ್ಪಿಸುವ ದಾರಿ ಮೇಲೆ ಹೇಳಿದ್ದು ಒಂದೇ. ಆದರೆ ಮುಚ್ಚಿಹೋದ ಕಾರ್ಖಾನೆಯ ವಿರುದ್ಧ ಆದೇಶ ಹಿಡಿದುಕೊಂಡು ಏನು ಮಾಡೋದು? ಅದಕ್ಕೇ ಕರ್ನಾಟಕ 2024ರಲ್ಲಿ ಕಡ್ಡಾಯ ಗ್ರಾಚ್ಯುಟಿ ವಿಮಾ ನಿಯಮಗಳನ್ನು ತಂದಿತು. ಮಾಲೀಕರು ಮುಂಚೆಯೇ ವಿಮೆ ಮಾಡಿಸಬೇಕು ಇಲ್ಲವೇ ಮಾನ್ಯತೆ ಪಡೆದ ಗ್ರಾಚ್ಯುಟಿ ನಿಧಿ ಇಟ್ಟಿರಬೇಕು. ಕಂಪನಿ ಮುಳುಗಿದರೂ ಹಣ ಮುಳುಗಬಾರದು ಅನ್ನುವುದು ಉದ್ದೇಶ.

ಯಾವ ಬಾಗಿಲು

ಖಾಸಗಿ ಮತ್ತು ನಿಗಮದ ನೌಕರರ ಗ್ರಾಚ್ಯುಟಿ ತಕರಾರಿಗೆ ಸಿವಿಲ್ ಕೋರ್ಟ್ ಬೇಡ, ನಿಯಂತ್ರಣ ಪ್ರಾಧಿಕಾರಕ್ಕೆ ಅರ್ಜಿ ಸಾಕು. ಆದೇಶದ ವಿರುದ್ಧ ಮಾಲೀಕ ಮೇಲ್ಮನವಿ ಹಾಕಬೇಕಾದರೆ ಮೊದಲು ಹಣ ಠೇವಣಿ ಇಡಬೇಕು. ಆಮೇಲೂ ಕೊಡದಿದ್ದರೆ ಜಿಲ್ಲಾಧಿಕಾರಿ ಮೂಲಕ ಭೂಕಂದಾಯದ ಬಾಕಿಯಂತೆ ವಸೂಲಿ. ಖಾಸಗಿ ಶಾಲೆಯ ಶಿಕ್ಷಕರೂ ಇದಕ್ಕೆ ಬರುತ್ತಾರೆ. 2009ರ ತಿದ್ದುಪಡಿ ಅವರನ್ನು 1997ರಿಂದಲೇ ಅನ್ವಯವಾಗುವಂತೆ ಸೇರಿಸಿತು, 2022ರಲ್ಲಿ ಸುಪ್ರೀಂ ಕೋರ್ಟ್ ಅದನ್ನು ಎತ್ತಿಹಿಡಿಯಿತು. ಅಂಗನವಾಡಿ ಕಾರ್ಯಕರ್ತೆಯರು, ಸಹಾಯಕಿಯರಿಗೂ ಗ್ರಾಚ್ಯುಟಿ ಸಲ್ಲಬೇಕು ಅಂತ ತೀರ್ಪು ಬಂದದ್ದೂ ಅದೇ ವರ್ಷ.

ರಾಜ್ಯ ಸರ್ಕಾರಿ ನೌಕರರು ಹೋಗಬೇಕಾದ್ದು ಕರ್ನಾಟಕ ಆಡಳಿತ ನ್ಯಾಯಮಂಡಳಿಗೆ, ಎಲ್ಲರ ಬಾಯಲ್ಲಿ ಕೆಎಟಿ. ಬೆಂಗಳೂರು, ಬೆಳಗಾವಿ, ಕಲಬುರಗಿಯಲ್ಲಿ ಪೀಠಗಳಿವೆ. ಮೊದಲು ಇಲಾಖೆಗೆ ಲಿಖಿತ ಮನವಿ ಕೊಡಿ. ಆರು ತಿಂಗಳಲ್ಲಿ ಉತ್ತರ ಬರದಿದ್ದರೆ ಅಲ್ಲಿಂದ ಒಂದು ವರ್ಷದೊಳಗೆ ಅರ್ಜಿ ಹಾಕಬೇಕು.

ಪಿಎಫ್ ಕಥೆ ಬೇರೆ. ಸರಿಯಾದ ಅರ್ಜಿ ತಲುಪಿದ 20 ದಿನದಲ್ಲಿ ಇತ್ಯರ್ಥ ಆಗಬೇಕು. ಕಾರಣವಿಲ್ಲದೆ ತಡವಾದರೆ 12 ಪರ್ಸೆಂಟ್ ದಂಡ ಬಡ್ಡಿ, ಅದನ್ನು ಕಮಿಷನರ್ ಸಂಬಳದಿಂದಲೇ ಕಡಿಯಬಹುದು ಅಂತ ಯೋಜನೆಯಲ್ಲೇ ಬರೆದಿದೆ. ಪಿಎಫ್ ಸದಸ್ಯ ಗ್ರಾಹಕನೂ ಹೌದು ಅಂತ 1999ರಲ್ಲೇ ತೀರ್ಪಾಗಿರುವುದರಿಂದ ಗ್ರಾಹಕ ಆಯೋಗಕ್ಕೂ ಹೋಗಬಹುದು.

ಎಲ್ಲಿಗೇ ಹೋಗಿ, ಬೇಗ ಹೋಗಿ. ಪಿಂಚಣಿ ತಪ್ಪಾಗಿ ನಿಗದಿಯಾಗಿದ್ದರೆ ತಪ್ಪು ಪ್ರತಿ ತಿಂಗಳೂ ಮರುಕಳಿಸುತ್ತದೆ, ಹಾಗಾಗಿ ತಡವಾಗಿ ಹೋದರೂ ಬಾಗಿಲು ಪೂರ್ತಿ ಮುಚ್ಚುವುದಿಲ್ಲ. ಆದರೆ ಹದಿನಾರು ವರ್ಷ ಸುಮ್ಮನಿದ್ದು ಕೋರ್ಟಿಗೆ ಬಂದ ಒಬ್ಬ ಮಾಜಿ ಸೈನಿಕರಿಗೆ 2008ರಲ್ಲಿ ಸುಪ್ರೀಂ ಕೋರ್ಟ್ ಹಿಂಬಾಕಿ ಕೊಡಿಸಿದ್ದು ಅರ್ಜಿ ಹಾಕುವ ಹಿಂದಿನ ಮೂರು ವರ್ಷದ್ದು ಮಾತ್ರ.

ಹೊಸ ಸಂಹಿತೆ ಬಂದ ಮೇಲೆ

2025ರ ನವೆಂಬರ್ 21ರಿಂದ ಸಾಮಾಜಿಕ ಭದ್ರತಾ ಸಂಹಿತೆ ಜಾರಿಗೆ ಬಂದಿದೆ. 1972ರ ಗ್ರಾಚ್ಯುಟಿ ಕಾಯ್ದೆ ಇದರೊಳಗೆ ಸೇರಿಹೋಗಿದೆ. ಮೂವತ್ತು ದಿನದ ಗಡುವು, ತಡಕ್ಕೆ ಬಡ್ಡಿ ಅನ್ನುವ ತತ್ವ ಹಾಗೇ ಇದೆ. ಬದಲಾದದ್ದು ಮುಖ್ಯವಾಗಿ ಎರಡು. ನಿಗದಿತ ಅವಧಿಯ ಒಪ್ಪಂದದ ಮೇಲೆ ಕೆಲಸಕ್ಕೆ ಸೇರಿದವರಿಗೆ ಗ್ರಾಚ್ಯುಟಿ ಸಿಗಲು ಐದು ವರ್ಷದ ಸೇವೆ ಬೇಡ, ಒಂದು ವರ್ಷ ಸಾಕು. ಇನ್ನೊಂದು, ವೇತನ ಅಂದರೆ ಏನು ಅನ್ನುವುದು. ಲೆಕ್ಕದಿಂದ ಹೊರಗಿಡುವ ಭತ್ಯೆಗಳು ಒಟ್ಟು ಸಂಬಳದ ಅರ್ಧ ದಾಟಿದರೆ, ದಾಟಿದ ಭಾಗವನ್ನೂ ವೇತನಕ್ಕೆ ಸೇರಿಸಬೇಕು. ಮೂಲ ವೇತನ ಕಡಿಮೆ ತೋರಿಸಿ ಭತ್ಯೆ ಉಬ್ಬಿಸಿದ ಕಂಪನಿಗಳಲ್ಲಿ ಇದರಿಂದ ಗ್ರಾಚ್ಯುಟಿ ಜಾಸ್ತಿಯಾಗುತ್ತದೆ. ಮುಂದಿನ ಮೊಕದ್ದಮೆಗಳು ಇಲ್ಲಿಂದಲೇ ಹುಟ್ಟುತ್ತವೆ ಅಂತ ನನ್ನ ಊಹೆ.

ಈಗ ತಡವಾದ ಹಣ ಬರುತ್ತಿದೆ ಅಂತಿಟ್ಟುಕೊಳ್ಳಿ. ಬಡ್ಡಿ ಸೇರಿಸದೆ ಅಸಲು ಮಾತ್ರ ಕೊಡುತ್ತಿದ್ದಾರೆ. ಅಸಲು ಬೇಡ ಅನ್ನಬೇಕಿಲ್ಲ, ತೆಗೆದುಕೊಳ್ಳಿ. ಆದರೆ "ಪೂರ್ತಿ ಹಣ ಸಂದಿದೆ, ಇನ್ನೇನೂ ಬಾಕಿ ಇಲ್ಲ" ಅಂತ ಮುಂಚೆಯೇ ಅಚ್ಚಾದ ಕಾಗದ ಮುಂದಿಟ್ಟರೆ, ಸಹಿಯ ಮೇಲೆ "ಬಡ್ಡಿಯ ಹಕ್ಕು ಉಳಿಸಿಕೊಂಡು ಅಸಲು ಮಾತ್ರ ಪಡೆದಿದ್ದೇನೆ" ಅಂತ ಕೈಯಲ್ಲೇ ಬರೆದು, ತಾರೀಕು ಹಾಕಿ, ಒಂದು ಜೆರಾಕ್ಸ್ ತೆಗೆದುಕೊಳ್ಳಿ.